ದ್ವಾದಶಿಯಿಲ್ಲದ ಏಕಾದಶಿ

ಶಬ್ದಗಳು ಕಾಲಕ್ರಮದಲ್ಲಿ ಅರ್ಥಾಂತರವನ್ನು ಹೊಂದುವುದು ಭಾಷೆಯಲ್ಲಿ ಹೊಸ ಸಂಗತಿಯಲ್ಲ. ಆದರೆ ಮರುಕದ ಮಾತು ಒಂದೇ ತಲೆಮಾರಿನೊಳಗೆ ಮೆಚ್ಚುಗೆಯ ಮಾತಾಗಿ ತಿರುಗಿದುದನ್ನು ಕಣ್ಣಾರೆ ಕಾಣುವ ಯೋಗವು ಎಲ್ಲ ಕಾಲದವರಿಗೂ ಲಭಿಸುವುದಿಲ್ಲ. ನಮ್ಮ ವಯಸ್ಸಿನವರಿಗೆ ಅದು ಲಭಿಸಿದೆ. ನಾವು ಹುಡುಗರಾಗಿದ್ದಾಗ, ಪಾಠಶಾಲೆಯಿಂದ ರಜೆಗೆ ಮನೆಗೆ ಬಂದವನನ್ನು ಅಜ್ಜಿಯು ಹೊಸ್ತಿಲಲ್ಲಿಯೇ ನಿಲ್ಲಿಸಿ, ಬೆನ್ನಿನ ಮೇಲೆ ಕೈಯಾಡಿಸಿ, "ಏನಪ್ಪಾ, ಇಷ್ಟು ಸೊರಗಿದ್ದೀಯೆ? ಅಲ್ಲಿ ಹೊಟ್ಟೆಗೆ ಸರಿಯಾಗಿ ಹಾಕುವುದಿಲ್ಲವೆ?" ಎಂದು ಕಣ್ಣಲ್ಲಿ ನೀರು ತಂದುಕೊಳ್ಳುತ್ತಿದ್ದಳು. "ಮೈಕೈ ತುಂಬಿಕೊಂಡಿದ್ದಾಳೆ" ಎಂಬುದು ಹೆಣ್ಣುಮಗುವಿನ ವಿಷಯದಲ್ಲಿ ಆಶೀರ್ವಾದಕ್ಕೆ ಸಮಾನವಾಗಿತ್ತು. ಈಗಲಾದರೋ, ಮದುವೆಮನೆಯಲ್ಲಿ ಎರಡು ವರ್ಷದ ಮೇಲೆ ಭೇಟಿಯಾದ ಬಂಧುಗಳು ಕುಶಲಪ್ರಶ್ನೆಗೂ ಮೊದಲು, "ಎಷ್ಟು ಸಣ್ಣಗಾಗಿದ್ದೀಯೆ! ಏನು ಮಾಡಿದೆ, ನಮಗೂ ಹೇಳು" ಎನ್ನುವರು. ಮೈಕೈ ತುಂಬಿಕೊಂಡಿರುವೆಯೆಂದು ಯಾರಾದರೂ ಬಾಯಿತಪ್ಪಿ ಹೇಳಿದರೆ ಆ ಹುಡುಗಿಯು ಎಲೆಯ ಮುಂದಿನಿಂದ ಎದ್ದುಹೋಗುವಳು.

ರುಚಿಯು ಬದಲಾಯಿತೆಂಬಷ್ಟಕ್ಕೇ ಲೇಖನಿಯನ್ನು ಹಿಡಿಯಬೇಕಾಗಿರಲಿಲ್ಲ. ಉಡಿಗೆ ತೊಡಿಗೆಗಳಂತೆ ಅದೂ ಬದಲಾಗುವುದು. ಆದರೆ ಈಚೆಗೆ ಕೆಲವು ಮಹಾಶಯರು ಭಾಷಣಗಳಲ್ಲಿಯೂ ಕರಪತ್ರಗಳಲ್ಲಿಯೂ ಈ ಹೊಸ ಮತಕ್ಕೆ ಹಳೆಯ ಶಾಸ್ತ್ರದ ಮುದ್ರೆಯನ್ನು ಒತ್ತತೊಡಗಿರುವರು. ಅವರ ಪೂರ್ವಪಕ್ಷವು ಹೀಗಿದೆ: ಈಗಿನವರು 'ಡಯಟ್' ಎಂದು ಕರೆಯುವುದು ನಮ್ಮ ಹಿರಿಯರ ಉಪವಾಸವೇ, ಆಯುರ್ವೇದವು ಕೃಶವಾದ ದೇಹವನ್ನೇ ಶ್ಲಾಘಿಸಿದೆ, ಆಧುನಿಕ ವೈದ್ಯವು ಅದನ್ನೇ ಅಂಕಿಗಳಿಂದ ಸ್ಥಾಪಿಸಿದೆ, ಆದುದರಿಂದ ನಮ್ಮ ಹೆಣ್ಣುಮಕ್ಕಳು ಊಟವನ್ನು ಕಡಿದು ತೆಳ್ಳಗಾಗುವುದು ಧರ್ಮಕ್ಕೂ ಆರೋಗ್ಯಕ್ಕೂ ಸೌಂದರ್ಯಕ್ಕೂ ಒಮ್ಮೆಗೇ ಸಾಧಕವು. ಈ ಮಾತುಗಳಲ್ಲಿ ಒಂದೂ ನಿಲ್ಲತಕ್ಕದ್ದಲ್ಲವೆಂಬುದು ನಮ್ಮ ಸಿದ್ಧಾಂತ.

ವಾಚಕರು ನಮ್ಮನ್ನು ತಪ್ಪು ತಿಳಿಯಬಾರದು. ಸ್ಥೌಲ್ಯವು ಹಲವು ರೋಗಗಳಿಗೆ ದಾರಿಯೆಂಬುದನ್ನು ನಾವು ಅಲ್ಲಗಳೆಯುವುದಿಲ್ಲ. ಮಧುಮೇಹಿಗೆ ವೈದ್ಯನು ಪಥ್ಯವನ್ನು ಹೇಳಿದರೆ ಅದನ್ನು ನಡಸತಕ್ಕದ್ದೇ. ನಮ್ಮ ವಾದವು ರೋಗಿಯ ಪಥ್ಯದ ಮೇಲಲ್ಲ. ರೋಗವಿಲ್ಲದ ಹದಿನಾರು ವರ್ಷದ ಹುಡುಗಿಯನ್ನು ಕನ್ನಡಿಯ ಮುಂದೆ ನಿಲ್ಲಿಸಿ ರೋಗಿಯನ್ನಾಗಿ ಮಾಡುವ ಒತ್ತಾಯದ ಮೇಲೆ.

ಮೊದಲು ಉಪವಾಸದ ವಿಚಾರ. 'ಉಪ' ಎಂದರೆ ಸಮೀಪ, 'ವಾಸ' ಎಂದರೆ ಇರುವಿಕೆ. ದೇವರ ಸಮೀಪದಲ್ಲಿ ಇರುವುದೇ ಉಪವಾಸವೆಂದು ನಮ್ಮ ಗುರುಗಳು ವ್ಯುತ್ಪತ್ತಿಯನ್ನು ಹೇಳುತ್ತಿದ್ದರು. ಏಕಾದಶಿಯಂದು ಅನ್ನವನ್ನು ಬಿಟ್ಟವನು ಅನ್ನವನ್ನು ದ್ವೇಷಿಸಲಿಲ್ಲ. ಸೊಂಟದ ಸುತ್ತಳತೆಯನ್ನು ದಾರದಿಂದ ಅಳೆದುಕೊಳ್ಳಲಿಲ್ಲ. ಅದೂ ಅಲ್ಲದೆ, ಯಾವ ಶಾಸ್ತ್ರವು ಏಕಾದಶಿಯಂದು ಉಣ್ಣಬೇಡವೆಂದಿತೋ ಅದೇ ಶಾಸ್ತ್ರವು ದ್ವಾದಶಿಯಂದು ಉಣ್ಣಲೇಬೇಕೆಂದಿತು. ಭಾಗವತದ ಅಂಬರೀಷನ ಕಥೆಯನ್ನು ಅರಿಯದವರಾರು? ಸ್ನಾನಕ್ಕೆಂದು ನದಿಗೆ ಹೋದ ದೂರ್ವಾಸರು ಹಿಂದಿರುಗಲಿಲ್ಲ. ದ್ವಾದಶಿಯಾದರೋ ಮೀರುತ್ತ ಬಂದಿತು. ಅತಿಥಿಗಿಂತ ಮೊದಲು ಉಣ್ಣಬಾರದೆಂಬ ಧರ್ಮಕ್ಕೂ ಪಾರಣೆಯನ್ನು ತಪ್ಪಿಸಬಾರದೆಂಬ ಧರ್ಮಕ್ಕೂ ನಡುವೆ ಸಿಕ್ಕಿದ ಆ ರಾಜನು, ಬಲ್ಲವರನ್ನು ಕೇಳಿ, ನೀರನ್ನಾದರೂ ಕುಡಿದು ವ್ರತವನ್ನು ಮುಗಿಸಿದನು. ಅಂತಹ ಮುನಿಯ ಕೋಪವನ್ನು ತಲೆಯ ಮೇಲೆ ತಂದುಕೊಂಡರೂ ಸರಿಯೆ, ಉಪವಾಸವನ್ನು ಅದರ ಎಲ್ಲೆಯ ಆಚೆಗೆ ಎಳೆಯಲಿಲ್ಲ. ಎಂಟು ವರ್ಷದ ಒಳಗಿನವರನ್ನೂ ಎಂಬತ್ತು ಕಳೆದವರನ್ನೂ ಧರ್ಮಶಾಸ್ತ್ರಕಾರರು ಈ ನಿಯಮದಿಂದ ಬಿಟ್ಟರು. ಅಶಕ್ತರಿಗೆ ಅನುಕಲ್ಪಗಳನ್ನು ವಿಧಿಸಿದರು. ಮುಗಿಯುವ ವೇಳೆಯನ್ನು ಪಂಚಾಂಗದಲ್ಲಿ ಬರೆದಿಟ್ಟ ವ್ರತವೆಲ್ಲಿ, ಮುಗಿತಾಯವೆಂಬುದೇ ಇಲ್ಲದ ಈ ಡಯಟ್ ಎಲ್ಲಿ! ಐದು ಕಿಲೋ ಇಳಿಸಿದವಳಿಗೆ ಇನ್ನೈದು ಕಿಲೋ ಇಳಿಸುವ ಚಿಂತೆ. ಅದನ್ನೂ ಇಳಿಸಿದವಳಿಗೆ ಇಳಿದುದು ಮರಳಿ ಏರೀತೆಂಬ ಭಯ. ಇವಳಿಗೆ ಪಾರಣೆಯ ದಿನವನ್ನು ಹೇಳುವವರಿಲ್ಲ.

ತಪಸ್ಸಿನ ಉದಾಹರಣೆಯನ್ನು ತೆಗೆಯುವವರೂ ಉಂಟು. ಪಾರ್ವತಿಯು ಉದುರಿದ ಎಲೆಯನ್ನೂ ತೊರೆದು ಅಪರ್ಣೆಯಾಗಲಿಲ್ಲವೆ ಎನ್ನುವರು. ಆದಳು. ಆದರೆ ಆಕೆಗೆ ಉಮೆಯೆಂಬ ಹೆಸರು ಬಂದ ಬಗೆಯನ್ನು ಇವರು ಮರೆತಿರುವರು. ತಪಸ್ಸಿಗೆ ಹೊರಟ ಮಗಳನ್ನು ತಾಯಿ ಮೇನೆಯು 'ಉ, ಮಾ', ಎಂದರೆ 'ಅಮ್ಮಾ, ಬೇಡ' ಎಂದು ತಡೆದಳೆಂದೂ, ಅದರಿಂದಲೇ ಆ ಹೆಸರು ನಿಂತಿತೆಂದೂ ಕಾಳಿದಾಸನು ಕುಮಾರಸಂಭವದಲ್ಲಿ ಹೇಳಿರುವನು. ಜಗನ್ಮಾತೆಯ ತಾಯಿಯೂ ಬೇಡವೆಂದಳು. ನಮ್ಮ ಬೀದಿಯ ತಾಯಂದಿರು ತೂಕದ ಯಂತ್ರವನ್ನು ತಾವೇ ಕೊಂಡುತಂದು ಬಚ್ಚಲುಮನೆಯ ಬಾಗಿಲಲ್ಲಿ ಇಟ್ಟಿರುವರು.

ಪೂರ್ವಪಕ್ಷದವರಿಗೆ ಒದಗಬಹುದಾದ ಒಂದು ನಿದರ್ಶನವನ್ನು ನಾವೇ ಕೊಡುವೆವು. ಅದನ್ನು ಕೈಯಲ್ಲೆತ್ತಲು ಅವರಿಗೆ ಧೈರ್ಯ ಸಾಲದು. ದ್ವಾದಶಿಯಿಲ್ಲದ ಉಪವಾಸವೊಂದು ನಮ್ಮ ಮನೆಗಳಲ್ಲಿ ಹಿಂದೆಯೂ ಇತ್ತು. ಅದು ಮಡಿಹೆಂಗಸರ ಒಪ್ಪೊತ್ತು. ಗಂಡನನ್ನು ಕಳೆದುಕೊಂಡವಳ ಮೈ ಸೊರಗಬೇಕು, ತುಂಬಿ ಕಾಣಬಾರದು ಎಂಬುದೇ ಆ ಕಟ್ಟಳೆಯ ಅಂತರಂಗ. ಎಂಟು ಹತ್ತು ಮಂದಿಗೆ ಎರಡು ಹೊತ್ತೂ ಬೇಯಿಸಿ ಬಡಿಸಿ, ತಾನು ರಾತ್ರಿ ಒಂದು ಹಿಡಿ ಅವಲಕ್ಕಿಯನ್ನು ಮಜ್ಜಿಗೆಯಲ್ಲಿ ನೆನೆಸಿ ತಿಂದು ಮಲಗಿದ ಸೋದರತ್ತೆಯರನ್ನು ನಮ್ಮ ತಲೆಮಾರಿನವರು ಕಂಡಿರುವೆವು. ಹೆಣ್ಣಿನ ಮೈ ಹೇಗಿರಬೇಕೆಂಬುದನ್ನು ನೋಡುವವರು ಗೊತ್ತುಮಾಡಿ, ಅದರ ವೆಚ್ಚವನ್ನು ಅವಳ ಹೊಟ್ಟೆಯಿಂದ ವಸೂಲುಮಾಡುವ ಪದ್ಧತಿಯು ಅದು. ಇಂದಿನ ಡಯಟ್ಟಿಗೆ ಪೂರ್ವಜರನ್ನು ಹುಡುಕುವುದಾದರೆ ಏಕಾದಶಿಯನ್ನು ಬಿಟ್ಟು ಇದನ್ನು ಹಿಡಿಯಲಿ.

ಇನ್ನು ಆಯುರ್ವೇದ. ಚರಕಸಂಹಿತೆಯ ಸೂತ್ರಸ್ಥಾನದ ೨೧ನೆಯ ಅಧ್ಯಾಯಕ್ಕೆ ಅಷ್ಟೌನಿಂದಿತೀಯವೆಂದು ಹೆಸರು. ನಿಂದಿತವಾದ ಎಂಟು ಬಗೆಯ ಶರೀರಗಳನ್ನು ಅಲ್ಲಿ ಎಣಿಸಿದೆ: ಅತಿ ಉದ್ದ, ಅತಿ ಗಿಡ್ಡ, ಅತಿ ರೋಮವುಳ್ಳದ್ದು, ರೋಮವೇ ಇಲ್ಲದ್ದು, ಅತಿ ಕಪ್ಪು, ಅತಿ ಬಿಳುಪು, ಅತಿ ಸ್ಥೂಲ, ಅತಿ ಕೃಶ. ('ತೆಳ್ಳಗೆ ಬೆಳ್ಳಗೆ' ಇರುವ ವಧುವು ಬೇಕೆಂದು ಜಾಹೀರಾತು ಕೊಡುವ ಮಹನೀಯರು ತಮ್ಮ ಎರಡು ವಿಶೇಷಣಗಳೂ ಅತಿಗೆ ಹೋದಾಗ ಈ ಪಟ್ಟಿಯಲ್ಲಿ ಎಲ್ಲಿ ಸೇರುವುವೆಂದು ನೋಡಿಕೊಳ್ಳಬಹುದು.) ಸ್ಥೌಲ್ಯ ಕಾರ್ಶ್ಯಗಳೆರಡರಲ್ಲಿ ಕಾರ್ಶ್ಯವೇ ಮೇಲೆಂದು ಆಚಾರ್ಯನು ಹೇಳಿರುವುದು ದಿಟ, ಕರಪತ್ರದವರು ಹಿಡಿದುಕೊಂಡಿರುವುದು ಈ ಒಂದು ಮಾತನ್ನು. ಆದರೆ ಕಾರಣವನ್ನು ಅವರು ಓದಲಿಲ್ಲ. ರೋಗವು ಬಂದರೆ ಸ್ಥೂಲನನ್ನು ಅದು ಹೆಚ್ಚು ಬಾಧಿಸುವುದು ಎಂಬುದಕ್ಕಾಗಿ ಆ ಮಾತು. ಕುರುಡನಿಗಿಂತ ಒಕ್ಕಣ್ಣನು ವಾಸಿಯೆಂದರೆ ಇರುವ ಎರಡು ಕಣ್ಣುಗಳಲ್ಲಿ ಒಂದನ್ನು ಕಿತ್ತುಕೊಳ್ಳಬೇಕೆಂದು ಅರ್ಥವಾಗುವುದೆ? ಅತಿಕೃಶನಾದವನು ಹಸಿವು, ಬಾಯಾರಿಕೆ, ಶ್ರಮ, ಶೀತೋಷ್ಣಗಳು, ರೋಗ, ಔಷಧ ಇವುಗಳಲ್ಲಿ ಒಂದನ್ನೂ ತಾಳಲಾರನೆಂದು ಅದೇ ಅಧ್ಯಾಯವು ಸಾರುತ್ತದೆ. ಅಲ್ಲಿ ಶ್ಲಾಘ್ಯನಾದವನು ಕೃಶನಲ್ಲ, ಸಮಮಾಂಸಪ್ರಮಾಣನು. ಕೃಶನಿಗೆ ಹೇಳಿದ ಚಿಕಿತ್ಸೆಯಲ್ಲಿ ಆಹಾರದೊಡನೆ ನಿದ್ರೆ, ಹರ್ಷ, ಮನಸ್ಸಿನ ನೆಮ್ಮದಿಗಳೂ ಸೇರಿವೆ. ತುತ್ತಿಗೊಂದು ಲೆಕ್ಕವನ್ನು ಬರೆಯುವವಳಿಗೆ ಈ ಮೂರರಲ್ಲಿ ಯಾವುದು ಉಳಿದಿರುವುದು?

ಅಂಕಿಗಳ ಮಾತು ಉಳಿಯಿತು. ತೂಕವನ್ನು ಎತ್ತರದ ವರ್ಗದಿಂದ ಭಾಗಿಸಿ ಬಂದ ಸಂಖ್ಯೆಯನ್ನು ಇಂದು ಜಾತಕದ ಗುಣಗಳಂತೆ ಎಲ್ಲರೂ ಕೇಳುವರು, ಬಿ.ಎಂ.ಐ. ಎಂದು ಅದರ ಹೆಸರು. ಈ ಭಾಗಾಕಾರವನ್ನು ೧೮೩೨ರಲ್ಲಿ ಹೂಡಿದ ಬೆಲ್ಜಿಯಂ ದೇಶದ ಅಡಾಲ್ಫ್ ಕೆಟ್ಲೆ ಎಂಬಾತನು ವೈದ್ಯನಲ್ಲ, ಖಗೋಳಜ್ಞ ಮತ್ತು ಗಣಿತಜ್ಞ. ಜನಸಮುದಾಯದ 'ಸರಾಸರಿ ಮನುಷ್ಯ'ನನ್ನು ಕಂಡುಹಿಡಿಯುವುದು ಆತನ ಉದ್ದೇಶವಾಗಿತ್ತೇ ಹೊರತು, ಯಾವ ಮನೆಯ ಯಾವ ಮಗಳು ಎಷ್ಟು ಉಣ್ಣಬೇಕೆಂಬುದಾಗಿರಲಿಲ್ಲ. ಅಂತೂ ಲೆಕ್ಕವನ್ನೇ ನೋಡೋಣ. ೨೦೧೯–೨೧ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ, ನಮ್ಮ ದೇಶದಲ್ಲಿ ೧೫ರಿಂದ ೪೯ ವರ್ಷದ ಹೆಂಗಸರಲ್ಲಿ ನೂರಕ್ಕೆ ೨೪ ಮಂದಿ ಅಧಿಕ ತೂಕದವರು. ಸುಮಾರು ೧೯ ಮಂದಿ ಇರಬೇಕಾದುದಕ್ಕಿಂತ ಕಡಿಮೆ ತೂಕದವರು. ೧೫ರಿಂದ ೧೯ ವರ್ಷದ ಹುಡುಗಿಯರಲ್ಲಿ ನೂರಕ್ಕೆ ೫೯ ಮಂದಿಗೆ ರಕ್ತಹೀನತೆ. ಹತ್ತರಲ್ಲಿ ಆರು ಹುಡುಗಿಯರ ಮೈಯಲ್ಲಿ ಸಾಕಷ್ಟು ರಕ್ತವಿಲ್ಲದ ದೇಶದಲ್ಲಿ, ಆ ಹತ್ತು ಮಂದಿಗೂ 'ಕಡಿಮೆ ಉಣ್ಣು' ಎಂಬ ಒಂದೇ ಉಪದೇಶವು ಬೆಳಗಿನಿಂದ ರಾತ್ರಿಯವರೆಗೆ ಕೈಯೊಳಗಣ ಮೊಬೈಲಿನಿಂದ ಕೇಳಿಬರುತ್ತಿದೆ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವೆಂಬ ಗಾದೆಯು ಹಳೆಯದಾಯಿತು. ಈಗ ಹಿಟ್ಟಿಲ್ಲದ ಹೊಟ್ಟೆಯೇ ಮಲ್ಲಿಗೆಯ ಹೂವಾಗಿದೆ.

ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯು ೨೦೨೦ರಲ್ಲಿ ಪ್ರಕಟಿಸಿದ ಪ್ರಮಾಣದಂತೆ, ೧೬ರಿಂದ ೧೮ ವರ್ಷದ ಹುಡುಗಿಗೆ ದಿನಕ್ಕೆ ಸುಮಾರು ೨೫೦೦ ಕ್ಯಾಲೊರಿಗಳಷ್ಟು ಆಹಾರವು ಬೇಕು. ಬಾಯಿಂದ ಬಾಯಿಗೆ ಹರಡುತ್ತಿರುವ ಡಯಟ್ ಪಟ್ಟಿಗಳಲ್ಲಿ ಬಹುಮಟ್ಟಿಗೆ ಕಾಣುವ ಅಂಕಿಯು ೧೨೦೦, ಅರ್ಧಕ್ಕಿಂತಲೂ ಕಡಿಮೆ. ಅರೆಹೊಟ್ಟೆಯು ಮನುಷ್ಯನನ್ನು ಏನು ಮಾಡುವುದೆಂಬುದು ಊಹೆಯ ವಿಷಯವಲ್ಲ. ಎರಡನೆಯ ಮಹಾಯುದ್ಧದ ಕೊನೆಯಲ್ಲಿ, ೧೯೪೪–೪೫ರಲ್ಲಿ, ಅಮೆರಿಕದ ಮಿನೆಸೋಟ ವಿಶ್ವವಿದ್ಯಾಲಯದ ಆನ್ಸೆಲ್ ಕೀಸ್ ಎಂಬ ಶರೀರಶಾಸ್ತ್ರಜ್ಞನು ಇದನ್ನು ಪರೀಕ್ಷಿಸಿದನು. ಯುದ್ಧದಿಂದ ಕ್ಷಾಮಕ್ಕೆ ತುತ್ತಾದ ಜನರಿಗೆ ಹೇಗೆ ಉಣಿಸಿ ಚೇತರಿಸಬೇಕೆಂಬುದನ್ನು ಅರಿಯುವುದಕ್ಕಾಗಿ, ದೃಢಕಾಯರಾದ ೩೬ ಮಂದಿ ತರುಣರು ತಾವಾಗಿಯೇ ಒಪ್ಪಿ ಹಸಿವಿಗೆ ಒಳಗಾದರು. ೨೪ ವಾರಗಳ ಕಾಲ ಅವರಿಗೆ ಕೊಟ್ಟುದು ದಿನಕ್ಕೆ ಸರಾಸರಿ ಸುಮಾರು ೧೫೭೦ ಕ್ಯಾಲೊರಿಗಳು. ಗಂಡಸರಾದುದರಿಂದ ಅವರ ಆವಶ್ಯಕತೆಯು ಹೆಚ್ಚೆಂಬುದು ನಿಜ. ಆದರೂ ನಮ್ಮ ಪಟ್ಟಿಗಳ ೧೨೦೦ಕ್ಕಿಂತ ಅದು ಮೇಲೇ ಇತ್ತು. ತೂಕದಲ್ಲಿ ಕಾಲುಭಾಗವು ಇಳಿಯಿತು. ಅದು ನಿರೀಕ್ಷಿತವೇ. ಮನಸ್ಸಿಗೆ ಆದುದನ್ನು ಕೇಳಬೇಕು. ಆ ತರುಣರಿಗೆ ಅನ್ನದ ಹೊರತು ಬೇರೆ ಚಿಂತೆಯೇ ಉಳಿಯಲಿಲ್ಲ. ಅಡುಗೆಯ ಪುಸ್ತಕಗಳನ್ನು ಕೂಡಿಟ್ಟು ಓದತೊಡಗಿದರು; ತಟ್ಟೆಗಳನ್ನು ನೆಕ್ಕಿದರು; ಸ್ನೇಹ, ವಿನೋದ, ವಿದ್ಯೆ ಎಲ್ಲದರಲ್ಲಿಯೂ ಆಸಕ್ತಿಯನ್ನು ಕಳೆದುಕೊಂಡು ಸಿಡುಕರೂ ಖಿನ್ನರೂ ಆದರು. ೧೯೫೦ರಲ್ಲಿ ಎರಡು ಸಂಪುಟಗಳಾಗಿ ಇದೆಲ್ಲವೂ ಅಚ್ಚಾಗಿದೆ. ಕೆಟ್ಲೆಯ ಆ ಭಾಗಾಕಾರಕ್ಕೆ ಬಿ.ಎಂ.ಐ. ಎಂದು ೧೯೭೨ರಲ್ಲಿ ನಾಮಕರಣ ಮಾಡಿದವನೂ ಇದೇ ಕೀಸ್. ಆತನು ಇಟ್ಟ ಹೆಸರನ್ನು ಜಗತ್ತು ಕಂಠಪಾಠ ಮಾಡಿತು. ಆತನು ಹಸಿವಿನ ಮೇಲೆ ಬರೆದ ಎರಡು ಸಂಪುಟಗಳನ್ನು ಅಟ್ಟಕ್ಕೆ ಹಾಕಿತು.

ನಾವು ಬಲ್ಲ ಒಂದು ಸಂಗತಿಯನ್ನು ಹೇಳುವೆವು. ಹೆಸರು ಊರುಗಳು ಬೇಡ. ಪದವಿಪೂರ್ವ ತರಗತಿಯ ಹುಡುಗಿಯೊಬ್ಬಳು ಸಂಸ್ಕೃತವನ್ನು ಹೇಳಿಸಿಕೊಳ್ಳಲು ವಾರಕ್ಕೆ ಎರಡು ಸಂಜೆ ನಮ್ಮ ಮನೆಗೆ ಬರು­ತ್ತಿದ್ದಳು. ಚಿಕ್ಕಪ್ಪನ ಮದುವೆಯ ಛಾಯಾಚಿತ್ರದಲ್ಲಿ ಅವಳನ್ನು ತೋರಿಸಿ ಯಾರೋ 'ಆನೆಮರಿ' ಎಂದರಂತೆ. ಅಂದಿನಿಂದ ರಾತ್ರಿಯ ಊಟವನ್ನು ಬಿಟ್ಟಳು. ಬಳಿಕ ಬೆಳಗಿನ ತಿಂಡಿಯನ್ನು. ಮಧ್ಯಾಹ್ನದ ಡಬ್ಬಿಯನ್ನು ಗೆಳತಿಯರಿಗೆ ಹಂಚುತ್ತಿದ್ದಳೆಂಬುದು ಆಮೇಲೆ ತಿಳಿಯಿತು. ರಾಮಶಬ್ದವನ್ನು ಒಂದೇ ಉಸಿರಿಗೆ ಒಪ್ಪಿಸುತ್ತಿದ್ದವಳು ಪಂಚಮಿಯ ಹೊತ್ತಿಗೆ ತಡವರಿಸತೊಡಗಿದಳು. ಏಪ್ರಿಲ್ ತಿಂಗಳ ಸೆಕೆಯಲ್ಲಿ ಶಾಲು ಹೊದೆದು ಕೂಡುವಳು. ಮನೆಯಾಕೆಯು ಒಂದು ಲೋಟ ಹಾಲು ಕೊಟ್ಟರೆ, "ಅಜ್ಜೀ, ಇದಕ್ಕೆ ಸಕ್ಕರೆ ಎಷ್ಟು ಚಮಚ ಹಾಕಿದಿರಿ?" ಎಂದು ಕೇಳಿ, ಹಾಗೆಯೇ ಇಟ್ಟು ಹೋಗುವಳು. ಕೂದಲು ಉದುರಿತು, ಸ್ತ್ರೀಸಹಜವಾದ ಶರೀರಧರ್ಮವು ತಿಂಗಳುಗಟ್ಟಲೆ ನಿಂತಿತು. ಈ ತಿಂಗಳುಗಳಲ್ಲಿ ಅವಳನ್ನು ಕಂಡ ಬಂಧುಗಳೆಲ್ಲರೂ ಹೇಳಿದುದು ಒಂದೇ ಮಾತು: "ಈಗ ಎಷ್ಟು ಲಕ್ಷಣವಾಗಿ ಕಾಣುತ್ತೀಯೆ!" ಕಡೆಗೆ ಕಾಲೇಜಿನ ಮೆಟ್ಟಿಲಲ್ಲಿ ತಲೆ ತಿರುಗಿ ಬಿದ್ದಳು. ವೈದ್ಯರು ರೋಗದ ಹೆಸರನ್ನು ಹೇಳಿದಾಗ ತಂದೆಯು ನಂಬಲಿಲ್ಲ. ಕಣಜ ತುಂಬಿದ ಮನೆಯಲ್ಲಿ ಹಸಿವಿನ ರೋಗವೆ ಎಂದು ಕೇಳಿದರು. ಆ ಹುಡುಗಿಯು ಬದುಕಿಕೊಂಡಳು. ಇಂದಿಗೂ ನಾಲ್ಕು ಜನರ ಪಂಕ್ತಿಯಲ್ಲಿ ಕುಳಿತು ಉಣ್ಣಲಾರಳು.

ಈ ರೋಗವನ್ನು ಲಂಡನ್ನಿನ ಗಲ್, ಪ್ಯಾರಿಸ್ಸಿನ ಲಸೆಗ್ ಎಂಬ ವೈದ್ಯರು ೧೮೭೩ರಷ್ಟು ಹಿಂದೆಯೇ ವರ್ಣಿಸಿರುವರು. ಮಾನಸಿಕ ವ್ಯಾಧಿಗಳಲ್ಲಿ ಅತ್ಯಂತ ಹೆಚ್ಚು ಪ್ರಾಣಹಾನಿಯನ್ನು ಉಂಟುಮಾಡುವವುಗಳ ಸಾಲಿಗೆ ಇದು ಸೇರಿದೆ. 'ಹುಡುಗಿಯರ ಹಟ, ಎರಡು ಏಟು ಕೊಟ್ಟರೆ ಉಣ್ಣುವಳು' ಎನ್ನುವ ಹಿರಿಯರು ಇದನ್ನು ನೆನಪಿಡತಕ್ಕದ್ದು.

ಹಟವಾಗಿದ್ದರೆ ಅದು ಎಲ್ಲ ಕಾಲದಲ್ಲಿಯೂ ಎಲ್ಲ ದೇಶದಲ್ಲಿಯೂ ಒಂದೇ ಸಮನಾಗಿ ಇರಬೇಕಾಗಿತ್ತು. ಶಾಂತಸಾಗರದ ಫಿಜಿ ದ್ವೀಪಗಳ ಮೂಲನಿವಾಸಿಗಳಲ್ಲಿ ತುಂಬಿದ ಮೈಯೇ ಚೆಲುವೆಂದು ಬಹುಕಾಲದ ಎಣಿಕೆ. ಬಂದವರಿಗೆ ಒತ್ತಾಯಮಾಡಿ ಉಣಬಡಿಸುವುದರಲ್ಲಿ ಅವರು ನಮ್ಮವರಂತೆಯೇ. ಅಲ್ಲಿನ ನಡ್ರೋಗ ಪ್ರಾಂತಕ್ಕೆ ೧೯೯೫ರಲ್ಲಿ ದೂರದರ್ಶನವು ಬಂದಿತು. ಆನ್ ಬೆಕರ್ ಎಂಬ ವಿದುಷಿಯು ಅದೇ ವರ್ಷವೂ ಮತ್ತೆ ೧೯೯೮ರಲ್ಲಿಯೂ ಅಲ್ಲಿನ ಶಾಲಾ ಬಾಲಿಕೆಯರನ್ನು ಪ್ರಶ್ನಿಸಿ ನೋಡಿದಳು. ಆಹಾರದ ವಿಷಯದಲ್ಲಿ ಮನಸ್ಸು ಕೆಟ್ಟಿರುವ ಲಕ್ಷಣವುಳ್ಳವರು ಮೊದಲು ನೂರಕ್ಕೆ ೧೨.೭ ಇದ್ದವರು ಮೂರು ವರ್ಷಗಳಲ್ಲಿ ೨೯.೨ ಆದರು. ತೂಕವನ್ನು ಇಳಿಸಲು ಉಂಡುದನ್ನು ವಾಂತಿಮಾಡಿಕೊಳ್ಳುವುದು ಮೊದಲ ಸಲ ಒಬ್ಬಳಲ್ಲಿಯೂ ಇರಲಿಲ್ಲ. ಎರಡನೆಯ ಸಲ ನೂರಕ್ಕೆ ೧೧ ಮಂದಿಯಲ್ಲಿತ್ತು. ಪ್ರಶ್ನಿಸಿದ ಬಾಲಿಕೆಯರ ಸಂಖ್ಯೆಯು ಸಣ್ಣದು, ಎರಡು ಸಲವೂ ಅರುವತ್ತರ ಸುಮಾರು. ಆದರೂ ಮೂರು ವರ್ಷದಲ್ಲಿ ಹುಡುಗಿಯರ ಸ್ವಭಾವವು ಬದಲಾಗಲಾರದು, ಅವರು ನೋಡುತ್ತಿದ್ದ ಚಿತ್ರಗಳು ಬದಲಾಗಿದ್ದುವು. ಅಂದು ಊರಿಗೊಂದು ಎರಡು ಇದ್ದ ಪೆಟ್ಟಿಗೆಯು ಇಂದು ನಮ್ಮ ಪ್ರತಿಯೊಬ್ಬ ಮಗುವಿನ ಅಂಗೈಯಲ್ಲಿದೆ. ಅದರಲ್ಲಿ ಕಾಣುವ ಸೊಂಟಗಳಲ್ಲಿ ಎಷ್ಟೋ ಯಂತ್ರದಿಂದ ಕೊರೆದು ಸಣ್ಣದು ಮಾಡಿದವು. ತಿದ್ದಿದ ಚಿತ್ರಕ್ಕೆ ತಿದ್ದಿದುದೆಂದು ಬರೆಯಲೇಬೇಕೆಂಬ ನಿಯಮವನ್ನು ಫ್ರಾನ್ಸ್ ದೇಶವು ೨೦೧೭ರಲ್ಲಿ ಜಾರಿಗೆ ತಂದಿತು. ಗಂಡುಹುಡುಗರೂ ಪಾರಾಗಿಲ್ಲ, ಹೊಟ್ಟೆಯ ಮೇಲೆ ಆರು ಗಂಟುಗಳು ಏಳಬೇಕೆಂದು ಡಬ್ಬಿಯ ಪುಡಿಗಳನ್ನು ತಿನ್ನುವವರ ಕಥೆಯು ಬೇರೊಂದು ಲೇಖನಕ್ಕೆ ಸಾಕು.

ತೆಳ್ಳಗಾಗಿಸುವ ಔಷಧಗಳ ಚರಿತ್ರೆಯನ್ನು ಎರಡೇ ಮಾತಿನಲ್ಲಿ ಹೇಳುವೆವು. ೧೯೩೩ರಲ್ಲಿ ಡೈನೈಟ್ರೊಫೀನಾಲ್ ಬಂದಿತು. ಕಣ್ಣಿಗೆ ಪೊರೆ ಬಂದು ಕುರುಡಾದವರನ್ನೂ ಸತ್ತವರನ್ನೂ ಕಂಡು ೧೯೩೮ರಲ್ಲಿ ಅಮೆರಿಕವು ಅದನ್ನು ನಿಲ್ಲಿಸಿತು. ಫೆನ್‌ಫ್ಲುರಮಿನ್ ಹೃದಯದ ಕವಾಟಗಳನ್ನು ಕೆಡಿಸಿ ೧೯೯೭ರಲ್ಲಿ ಅಂಗಡಿಯಿಂದ ಹೋಯಿತು. ಸಿಬುಟ್ರಮಿನ್ ೨೦೧೦ರಲ್ಲಿ ಅದೇ ಹಾದಿಯನ್ನು ಹಿಡಿಯಿತು. ಈಗ ಚುಚ್ಚುಮದ್ದುಗಳ ಸರದಿ. ರೋಗಿಗಳಿಗೆ ಅವು ನಿಜವಾಗಿಯೂ ಉಪಕಾರಿಯೆಂದು ವೈದ್ಯರು ಹೇಳುವುದನ್ನು ಒಪ್ಪುವೆವು. ಮಗಳ ನಿಶ್ಚಿತಾರ್ಥಕ್ಕೆ ಮೂರು ತಿಂಗಳಿದೆಯೆಂದು ಅವುಗಳ ಬೆಲೆಯನ್ನು ವಿಚಾರಿಸುವ ತಾಯಂದಿರನ್ನು ಒಪ್ಪಲಾರೆವು.

ಕವಿಗಳನ್ನು ಸಾಕ್ಷಿಗೆ ಕರೆಯುವರೆಂಬುದನ್ನೂ ಬಲ್ಲೆವು. ತನ್ವಿ, ಕೃಶೋದರಿ, ತಳೋದರಿ ಎಂಬ ಪದಗಳು ನಮ್ಮ ಕಾವ್ಯಗಳಲ್ಲಿ ಹೇರಳವಾಗಿವೆ. ಆದರೆ ಕವಿಯು ನಡುವನ್ನು ಬಡವೆಂದು ವರ್ಣಿಸಿದಲ್ಲೆಲ್ಲ ಅದರ ಮೇಲೂ ಕೆಳಗೂ ಇರುವ ಸಂಪತ್ತನ್ನು ವರ್ಣಿಸಿ ಲೆಕ್ಕವನ್ನು ಸರಿದೂಗಿಸಿರುವನು. ಸಂಶಯವಿದ್ದವರು ಬೇಲೂರಿಗೆ ಹೋಗಿ ಚೆನ್ನಕೇಶವನ ಗುಡಿಯ ಮದನಿಕೆಯರನ್ನು ನೋಡಿಬರಲಿ. ೧೧೧೭ರಲ್ಲಿ ಪ್ರತಿಷ್ಠೆಯಾದ ಆ ದೇಗುಲದ ಶಿಲ್ಪಿಗಳಿಗೆ ಮೂಳೆಯು ಚರ್ಮದ ಮೇಲೆ ಎದ್ದು ಕಾಣುವುದು ಚೆಲುವೆಂಬ ಸುದ್ದಿಯು ಮುಟ್ಟಿರಲಿಲ್ಲ. ಸರ್ವಾಂಗವೂ ಸೊರಗಿದ ನಾಯಿಕೆಯು ಕಾವ್ಯದಲ್ಲಿ ಬರುವುದುಂಟು. ಶಾಕುಂತಲದ ಮೂರನೆಯ ಅಂಕದಲ್ಲಿ ಶಕುಂತಲೆಯು ದಿನದಿನಕ್ಕೆ ಕರಗುವುದನ್ನು ಕಂಡು ಸಖಿಯರು ಹೆದರಿ ಕಾರಣವನ್ನು ಕೇಳುವರು. ಅಭಿನಂದಿಸುವುದಿಲ್ಲ.

ನಮ್ಮ ಬೇಡಿಕೆಗಳು ದೊಡ್ಡವಲ್ಲ. ಶಾಲೆಗಳಲ್ಲಿ ಮಕ್ಕಳನ್ನು ಸಾಲಾಗಿ ನಿಲ್ಲಿಸಿ ತೂಕವನ್ನು ಗಟ್ಟಿಯಾಗಿ ಕೂಗಿ ಬರೆಯಿಸುವ ಪದ್ಧತಿಯು ನಿಲ್ಲಲಿ. ತೂಗುವುದು ಬೇಕಾದರೆ ಮರೆಯಲ್ಲಿ ತೂಗಿ, ಹೇಳಬೇಕಾದುದನ್ನು ತಂದೆತಾಯಿಗಳಿಗೆ ಹೇಳಲಿ. ತೂಕ ಇಳಿಸುವ ಪಂದ್ಯಗಳಿಗೆ ಹದಿನೆಂಟು ತುಂಬದವರನ್ನು ಸೇರಿಸದಿರಲಿ. ವಧುವನ್ನು ನೋಡಲು ಹೋದ ಹಿರಿಯರು, ಅವಳು ಬಡಿಸಿದ ಕೇಸರಿಬಾತನ್ನು ಎರಡು ಸಲ ಹಾಕಿಸಿಕೊಂಡು ತಿಂದು, ಹುಡುಗಿ ಸ್ವಲ್ಪ ದಪ್ಪವೆಂದು ಹೇಳಿಕಳುಹಿಸುವುದನ್ನು ಬಿಡಲಿ. ಬಾಣಂತಿಗೆ ಮೂರು ತಿಂಗಳು ತುಂಬುವ ಮೊದಲೇ 'ಮೊದಲಿನ ಹಾಗೆ ಯಾವಾಗ ಆಗುತ್ತೀಯೆ' ಎಂದು ಯಾರೂ ಕೇಳದಿರಲಿ.

ಪೂರ್ವಪಕ್ಷದ ಮಹಾಶಯರು ಇದಕ್ಕೆ ಉತ್ತರವನ್ನು ಬರೆಯುವುದಾದರೆ ಸಂಪಾದಕರು ಇಷ್ಟೇ ಪುಟಗಳನ್ನು ಅವರಿಗೂ ಕೊಡುವರೆಂದು ನಂಬಿದ್ದೇವೆ. ಚರಕನ ವಿಷಯದಲ್ಲಿ ಅವರೊಡನೆ ವಾದಿಸಲು ಸಿದ್ಧರಿದ್ದೇವೆ. ಆದರೆ ಅದಕ್ಕೆ ಮೊದಲು, ತಾವು ಹೆಣ್ಣುಮಕ್ಕಳಿಗೆ ಹೇಳಿಕೊಟ್ಟ ವ್ರತಕ್ಕೆ ಪಾರಣೆಯು ಯಾವ ದಿನವೆಂಬುದನ್ನು ತಿಥಿ ಸಹಿತವಾಗಿ ತಿಳಿಸಬೇಕಾಗಿ ಕೋರುವೆವು.